ಗುಡ್ಡ ನೀಲಿಯಾದ ಮಾತ್ರಕ್ಕೆ ನೀಲಕುರಿಂಜಿ ಅಂತಲ್ಲ

(ಚಿಕ್ಕಮಗಳೂರಿನಲ್ಲಿ ಚಾರಣ ಹೋಗುವ ಗೆಳೆಯರ ಗುಂಪಿನ ಮುಂದೆ ಮಾಡಿದ ಮಾತು ಇದು. ಮಾತಿನ ಧಾಟಿಯನ್ನು ಆದಷ್ಟು ಹಾಗೇ ಉಳಿಸಿದ್ದೇನೆ. ಕೇಳಿಬಂದ ಪ್ರಶ್ನೆಗಳಲ್ಲಿ ಕೆಲವು ಕೊನೆಯಲ್ಲಿವೆ.)

ಎಲ್ಲರಿಗೂ ನಮಸ್ಕಾರ.

ಹನ್ನೆರಡು ವರ್ಷಕ್ಕೊಮ್ಮೆ ಅರಳಿ ಗುಡ್ಡವನ್ನೇ ನೀಲಿ ಮಾಡುತ್ತದಲ್ಲ, ಆ ನೀಲಕುರಿಂಜಿ ಬಗ್ಗೆ ಮಾತಾಡಿ ಅಂತ ಕರೆದಾಗ ನಾನು ಒಂದು ಷರತ್ತು ಹಾಕಿದ್ದೆ. ನೀಲಿ ಗುಡ್ಡದ ಫೋಟೋ ಒಂದನ್ನೂ ತೋರಿಸುವುದಿಲ್ಲ ಅಂತ. ಆ ಫೋಟೋ ನಿಮ್ಮೆಲ್ಲರ ಮೊಬೈಲಿನಲ್ಲಿ ಈಗಾಗಲೇ ಇದೆ. ದೂರದಿಂದ ತೆಗೆದದ್ದು, ಮಂಜು ಇದೆ, ಮುಂದೆ ಯಾರೋ ಕೈ ಚಾಚಿ ನಿಂತಿದ್ದಾರೆ. ಚೆನ್ನಾಗಿಯೇ ಇರುತ್ತದೆ. ಆದರೆ ಅದರಲ್ಲಿರುವುದು ಯಾವ ಗಿಡ ಅಂತ ಆ ಫೋಟೋ ನೋಡಿ ಯಾವ ಸಸ್ಯಶಾಸ್ತ್ರಜ್ಞನೂ ಹೇಳಲಾರ. ಬಣ್ಣ ಕಾಣುತ್ತದೆ, ಗಿಡ ಕಾಣುವುದಿಲ್ಲ.

ಇವತ್ತು ನಾನು ಹೇಳಬೇಕೆಂದಿರುವುದು ಇಷ್ಟೇ. ಈ ಗಿಡವನ್ನು ಗುರುತಿಸಲು ಹೂವಿಗೆ ಕಾಯಬೇಕಾಗಿಲ್ಲ. ಎಲೆ ನೋಡಿ, ಕಾಂಡ ನೋಡಿ, ಅದು ನಿಂತ ನೆಲ ನೋಡಿ. ಹೂ ಇಲ್ಲದ ಹನ್ನೊಂದು ವರ್ಷಗಳಲ್ಲಿ ಅದನ್ನು ಗುರುತಿಸಲು ಬಂದರೆ ಮಾತ್ರ ಆ ಗುಡ್ಡದಲ್ಲಿ ಏನಿದೆ, ಏನು ಹೋಗುತ್ತಿದೆ ಅಂತ ನಮಗೆ ಗೊತ್ತಾಗುತ್ತದೆ. ಹೂ ಬಂದಾಗ ಮಾತ್ರ ಹೋಗಿ ನೋಡಿ ಬರುವುದು ಗಿಡದ ಪರಿಚಯ ಅಲ್ಲ, ಜಾತ್ರೆ. ಜಾತ್ರೆಗೆ ಹೋಗಬೇಡಿ ಅಂತ ನಾನು ಹೇಳುವುದಿಲ್ಲ, ನಾನೂ ಹೋಗುತ್ತೇನೆ.

ಮೊದಲು ಹೆಸರಿನ ಗೊಂದಲ ಮುಗಿಸಿಬಿಡೋಣ. ನೀಲಕುರಿಂಜಿ ಅಂತ ಪುಸ್ತಕಗಳಲ್ಲಿ ಬರುವ ಗಿಡ ಸ್ಟ್ರೋಬಿಲಾಂಥಸ್ ಕುಂತಿಯಾನ. ಸ್ಟ್ರೋಬಿಲಾಂಥಸ್ ಅನ್ನುವುದು ಕುಲದ ಹೆಸರು, ಒಂದು ಗಿಡದ್ದಲ್ಲ. ಏಷ್ಯಾದ ಉದ್ದಗಲಕ್ಕೂ ಆ ಕುಲದಲ್ಲಿ ಮುನ್ನೂರೈವತ್ತಕ್ಕೂ ಹೆಚ್ಚು ಜಾತಿಗಳಿವೆ, ನಮ್ಮ ಪಶ್ಚಿಮಘಟ್ಟದಲ್ಲೇ ಹತ್ತಾರಿವೆ. ಮಲೆನಾಡಿನ ಕಡೆ ಗುರ್ಗಿ, ಗುರಿಗೆ ಅಂತ ಕರೆಯುವುದು ಈ ಇಡೀ ಬಳಗವನ್ನು. ಹಾಗಾಗಿ ಊರಿನ ಹಿರಿಯರು 'ಗುರ್ಗಿ ಹೂ ಬಿಟ್ಟಿದೆ' ಅಂದರೆ ಅದು ನೂರಕ್ಕೆ ನೂರು ಸರಿ. ಅದನ್ನು ಕೇಳಿದ ನಾವು 'ಹನ್ನೆರಡು ವರ್ಷಕ್ಕೊಮ್ಮೆ ಅರಳುವ ನೀಲಕುರಿಂಜಿ' ಅಂತ ಹಾಕುತ್ತೇವಲ್ಲ, ಅಲ್ಲಿಂದ ಗೊಂದಲ ಶುರು.

2021ರ ಆಗಸ್ಟಿನಲ್ಲಿ ಕೊಡಗಿನ ಮಾಂದಲಪಟ್ಟಿ, ಕೋಟೆಬೆಟ್ಟದ ಕಡೆ ಗುಡ್ಡಗಳು ನೀಲಿಯಾದವು, ನೆನಪಿದೆಯಲ್ಲ? ಎಲ್ಲ ಕಡೆ ನೀಲಕುರಿಂಜಿ ಅಂತಲೇ ಸುದ್ದಿ. ಗಿಡ ಬಲ್ಲವರು ಹತ್ತಿರ ಹೋಗಿ ನೋಡಿ ಇದು ಸ್ಟ್ರೋಬಿಲಾಂಥಸ್ ಸೆಸ್ಸಿಲಿಸ್, ಅಂದರೆ ಕುಂತಿಯಾನದ ಸೋದರಸಂಬಂಧಿ ಅಂದರು. ಅದರ ಮರುವರ್ಷ, 2022ರ ಸೆಪ್ಟೆಂಬರ್ ಹೊತ್ತಿಗೆ, ನಮ್ಮ ಚಂದ್ರದ್ರೋಣ ಗಿರಿಶ್ರೇಣಿಯಲ್ಲಿ, ಮುಳ್ಳಯ್ಯನಗಿರಿ, ಬಾಬಾಬುಡನ್‌ಗಿರಿ ಕಡೆ ಹೂವೋ ಹೂವು. ಆಗಲೂ ಸುದ್ದಿಯಲ್ಲಿ ಅದೇ ಹನ್ನೆರಡು ವರ್ಷದ ಸಾಲು. ನೀವೆಲ್ಲ ಹೋಗಿದ್ದಿರಿ. ಈಗ ಕೇಳುತ್ತೇನೆ, ಆ ಗಿಡದ ಎಲೆಗೆ ತೊಟ್ಟು ಇತ್ತಾ, ಇರಲಿಲ್ವಾ?

(ಸಭೆಯಲ್ಲಿ ನಗು.)

ಅಲ್ವಾ? ಅದೇ ನಾನು ಹೇಳುವುದು. ಎಲೆ ಯಾರೂ ನೋಡುವುದಿಲ್ಲ.

ಸರಿ, ಎಲೆಯಿಂದಲೇ ಶುರು ಮಾಡೋಣ. ಅದಕ್ಕೂ ಮೊದಲು ಮನೆತನ. ಈ ಗಿಡ ಅಕಾಂತೇಸಿ ಎಂಬ ಕುಟುಂಬಕ್ಕೆ ಸೇರಿದ್ದು. ಹೆಸರು ಅಪರಿಚಿತ ಅನ್ನಿಸಿದರೂ ನೆಂಟರು ನಿಮಗೆಲ್ಲ ಗೊತ್ತು: ಕನಕಾಂಬರ, ಗೋರಂಟೆ, ಬೇಲಿಯಲ್ಲಿ ಬೆಳೆಸುವ ಆಡುಸೋಗೆ. ಇವುಗಳ ಎಲೆ ಒಂದರ ಎದುರಿಗೆ ಒಂದು ಕೂತಿರುತ್ತದೆ, ಗೆಣ್ಣಿನಿಂದ ಗೆಣ್ಣಿಗೆ ದಿಕ್ಕು ಬದಲಿಸುತ್ತಾ ಹೋಗುತ್ತದೆ. ಗೆಣ್ಣಿನ ಹತ್ತಿರ ಕಾಂಡ ಸ್ವಲ್ಪ ಊದಿಕೊಂಡ ಹಾಗಿರುತ್ತದೆ. ಸಣ್ಣವರಿದ್ದಾಗ ಒಣಗಿದ ಕಾಯಿಯನ್ನು ನೀರಿಗೆ ಹಾಕಿ ಚಟ್ ಅಂತ ಸಿಡಿಸಿ ಆಡಿದ್ದೀರಲ್ಲ, ಆ ಚಟಪಟ ಕಾಯಿಯ ಗಿಡವೂ ಇದೇ ಕುಟುಂಬದ್ದು. ಕಾಯಿಯೊಳಗೆ ಬೀಜದ ಕೆಳಗೆ ಸಣ್ಣ ಕೊಕ್ಕೆಯಂಥದ್ದೊಂದು ಇರುತ್ತದೆ. ಕಾಯಿ ಎರಡಾಗಿ ಬಿರಿದಾಗ ಆ ಕೊಕ್ಕೆ ಬೀಜವನ್ನು ಹೊರಕ್ಕೆ ಚಿಮ್ಮುತ್ತದೆ. ಕುರಿಂಜಿಯ ಬೀಜವೂ ಹೀಗೇ ಹೊರಗೆ ಬರುವುದು. ಹಕ್ಕಿ ತಿಂದು ದೂರ ಒಯ್ಯುವಂಥ ಹಣ್ಣು ಅದಕ್ಕಿಲ್ಲ, ಗಾಳಿಗೆ ಹಾರುವ ರೆಕ್ಕೆಯೂ ಇಲ್ಲ. ಬೀಜ ತಾಯಿಗಿಡದಿಂದ ಕೆಲವು ಅಡಿ ದೂರ ಹೋದರೆ ಹೆಚ್ಚು. ಇದನ್ನು ಸ್ವಲ್ಪ ನೆನಪಿಟ್ಟುಕೊಳ್ಳಿ, ಮುಂದೆ ಬೇಕಾಗುತ್ತದೆ.

ಕುಂತಿಯಾನದ ಎಲೆ ದಪ್ಪ, ಮುಟ್ಟಿದರೆ ಚರ್ಮದ ಹಾಗೆ ಗಟ್ಟಿ. ಮೊಟ್ಟೆಯಾಕಾರ, ತುದಿ ಚೂಪು, ಅಂಚಿನಲ್ಲಿ ಸಣ್ಣ ಸಣ್ಣ ಹಲ್ಲು. ನಡುನರದಿಂದ ಎರಡೂ ಕಡೆಗೆ ಸಾಲಾಗಿ ಹೋಗುವ ನರಗಳು ಮೇಲ್ಮೈಯಲ್ಲಿ ತಗ್ಗಾಗಿ, ಕೆಳಮೈಯಲ್ಲಿ ಉಬ್ಬಾಗಿ ಇರುತ್ತವೆ. ಕೆಳಮೈ ಬಣ್ಣ ತಿಳಿ. ಎಲೆಗೆ ಗಿಡ್ಡವಾದರೂ ತೊಟ್ಟು ಇದೆ. ಈ ತೊಟ್ಟಿನ ವಿಷಯ ಚಿಲ್ಲರೆ ಅನ್ನಿಸಬಹುದು, ಆದರೆ ಮಾಂದಲಪಟ್ಟಿಯ ಸೆಸ್ಸಿಲಿಸ್‌ನ ಎಲೆಗೆ ತೊಟ್ಟಿಲ್ಲ. ಎಲೆಯ ಬುಡ ನೇರವಾಗಿ ಕಾಂಡಕ್ಕೆ ಅಂಟಿಕೊಂಡು ಕೂತಿರುತ್ತದೆ. ಬರಿಗಣ್ಣಿಗೆ ಕಾಣುವ ವ್ಯತ್ಯಾಸ ಇದು. ಲೆನ್ಸ್ ಬೇಡ, ಪುಸ್ತಕ ಬೇಡ. ಬಗ್ಗಿ ನೋಡಿದರೆ ಸಾಕು.

ಎತ್ತರ ಸಾಮಾನ್ಯವಾಗಿ ಒಂದರಿಂದ ಎರಡು ಅಡಿ. ಗಾಳಿ ಕಡಿಮೆ ಇದ್ದು ಮಣ್ಣು ಚೆನ್ನಾಗಿರುವ ಕಡೆ ಆಳೆತ್ತರವೂ ಬೆಳೆಯುತ್ತದೆ. ಹಾಗಾಗಿ ಎತ್ತರ ನೋಡಿ ತೀರ್ಮಾನಕ್ಕೆ ಬರಬೇಡಿ.

ಇನ್ನು ಹೂವು. ಕಾಂಡದ ತುದಿಯಲ್ಲೂ ಎಲೆಯ ಕಂಕುಳಲ್ಲೂ ತೆನೆ ಬರುತ್ತದೆ. ತೆನೆಯಲ್ಲಿ ಒಂದರ ಮೇಲೊಂದು ಹಸಿರು ಪಕಳೆಯಂಥ ಎಲೆಗಳು, ಅವುಗಳ ಸಂದಿಯಿಂದ ಒಂದೊಂದೇ ಹೂ. ಆಕಾರ ಗಂಟೆಯದ್ದು: ಬುಡದಲ್ಲಿ ಕೊಳವೆ, ಮೇಲೆ ಅಗಲವಾಗಿ ಐದು ಹಾಲೆ. ಅಂದರೆ ಬಿಡಿ ಬಿಡಿ ಎಸಳಲ್ಲ, ಕಿತ್ತರೆ ಇಡೀ ಹೂ ಒಂದೇ ತುಂಡಾಗಿ ಕೈಗೆ ಬರುತ್ತದೆ. ಕೀಳಬೇಡಿ, ಉದುರಿದ್ದನ್ನು ಎತ್ತಿ ನೋಡಿ, ಬುಡದಲ್ಲಿ ಬೇಕಾದಷ್ಟು ಬಿದ್ದಿರುತ್ತವೆ. ಬಣ್ಣ ಹೊಸದರಲ್ಲಿ ತಿಳಿನೀಲಿ, ಹಳತಾಗುತ್ತಾ ನೇರಳೆಗೆ ತಿರುಗುತ್ತದೆ. ಒಂದೇ ಗುಡ್ಡ ಇವತ್ತು ಒಂದು ಬಣ್ಣ, ಹದಿನೈದು ದಿನ ಬಿಟ್ಟು ಇನ್ನೊಂದು ಬಣ್ಣ ಕಾಣಲು ಇದೂ ಒಂದು ಕಾರಣ. ಮಿಕ್ಕಿದ್ದಕ್ಕೆ ಬಿಸಿಲು, ಮೋಡ ಮತ್ತು ನಿಮ್ಮ ಮೊಬೈಲಿನ ಕ್ಯಾಮೆರಾ ಕಾರಣ!

ಕುರಿಂಜಿ ಅಂದುಕೊಂಡು ಜನ ನನಗೆ ಕಳಿಸುವ ಫೋಟೋಗಳಲ್ಲಿ ಏನೇನೋ ಇರುತ್ತದೆ. ಎಕ್ಸಾಕಮ್ ಅಂತ ಒಂದು ಪುಟ್ಟ ಗಿಡ ಇದೆ, ಮಳೆ ಕಡಿಮೆಯಾಗುವ ಹೊತ್ತಿಗೆ ಹುಲ್ಲಿನ ನಡುವೆ ನೀಲಿಯಾಗಿ ಅರಳುತ್ತದೆ, ಪ್ರತಿ ವರ್ಷ. ಅದರ ಹೂ ಚಪ್ಪಟೆಯಾಗಿ ತೆರೆದಿರುತ್ತದೆ, ನಡುವೆ ಹಳದಿ ಕೇಸರ ಎದ್ದು ಕಾಣುತ್ತದೆ. ಹಳದಿ ಕೊಂಬಿನಂಥದ್ದು ಎದ್ದು ಕಂಡರೆ ಅದು ಕುರಿಂಜಿ ಅಲ್ಲ, ಮುಂದೆ ನಡೆಯಿರಿ. ಹಾಗಂತ ನೋಡದೆ ಹೋಗಬೇಡಿ, ಅದೂ ಚೆಂದದ ಹೂವೇ. ಎಲೆ ಉಜ್ಜಿದರೆ ತುಳಸಿ, ದೊಡ್ಡಪತ್ರೆ ಥರ ವಾಸನೆ ಬರುವ ನೇರಳೆ ತೆನೆಯ ಗಿಡಗಳು ತುಳಸಿ ಕುಟುಂಬದವು. ಎಸ್ಟೇಟ್ ರಸ್ತೆ ಬದಿಯಲ್ಲಿ ನೀಲಿ ಕುಚ್ಚಿನ ಹಾಗೆ ಹರಡಿರುತ್ತದಲ್ಲ, ಅದು ಅಜೆರಾಟಂ, ಅಮೆರಿಕ ಖಂಡದಿಂದ ಬಂದ ಕಳೆ. ಗುಲಾಬಿ ನೇರಳೆ ಹೂ, ಎಲೆಯ ಬುಡದಿಂದ ತುದಿಯವರೆಗೆ ಉದ್ದಕ್ಕೆ ಓಡುವ ಮೂರ್ನಾಲ್ಕು ನರ ಇದ್ದರೆ ಅದು ಆಸ್‌ಬೆಕಿಯ. ಇವೆಲ್ಲ ಸುಲಭ. ಕಷ್ಟ ಇರುವುದು ಅಣ್ಣತಮ್ಮಂದಿರ ವಿಷಯದಲ್ಲಿ.

ಕಾರ್ವಿ ಗೊತ್ತಲ್ಲ? ಬೆಳಗಾವಿ, ಉತ್ತರ ಕನ್ನಡದ ಘಟ್ಟದಿಂದ ಹಿಡಿದು ಮುಂಬೈ ಆಚೆಯವರೆಗೂ ಸಹ್ಯಾದ್ರಿಯ ಇಳಿಜಾರಿನಲ್ಲಿ ತುಂಬಿರುವ ಗಿಡ, ಸ್ಟ್ರೋಬಿಲಾಂಥಸ್ ಕ್ಯಾಲೋಸ. ಇದು ನೆಲ ಹಿಡಿದು ಕೂರುವಂಥದ್ದಲ್ಲ, ನಿಮ್ಮ ತಲೆ ಮೀರಿ ಬೆಳೆಯುತ್ತದೆ. ಎಲೆ ದೊಡ್ಡದು, ಒರಟು. ನೆಟ್ಟಗಿನ ಕೋಲುಗಳನ್ನು ಹೆಣೆದು, ಮಣ್ಣು ಮೆತ್ತಿ ಗುಡಿಸಲಿನ ಗೋಡೆ ಮಾಡುತ್ತಿದ್ದರು, ಈಗಲೂ ಕೆಲವು ಕಡೆ ಕಾಣಬಹುದು. ಇದರ ಲೆಕ್ಕ ಹನ್ನೆರಡಲ್ಲ. ಮುಂಬೈಯ ಸಂಜಯ್ ಗಾಂಧಿ ರಾಷ್ಟ್ರೀಯ ಉದ್ಯಾನದಲ್ಲಿ 2008ರಲ್ಲಿ ಅರಳಿತು, 2016ರಲ್ಲಿ ಅರಳಿತು, ಮತ್ತೆ 2024ರಲ್ಲಿ. ಎಂಟು ವರ್ಷ. ಸೆಸ್ಸಿಲಿಸ್ ಬಳಗಕ್ಕೆ ಏಳು ವರ್ಷದ ಲೆಕ್ಕ ಹೇಳುತ್ತಾರೆ. ಕಾಡಿನೊಳಗೆ, ಮರದ ನೆರಳಲ್ಲಿ ಬೆಳೆಯುವ ಗುರ್ಗಿಗಳೇ ಬೇರೆ. ಸಿಲಿಯಾಟ ಅಂತ ಒಂದಿದೆ, ಕೇರಳದ ವೈದ್ಯರು ಕರಿಂಕುರಿಂಜಿ ಅಂತ ಕರೆದು ವಾತದ ಔಷಧಿಗೆ ಬಳಸುತ್ತಾರೆ. ಹೈನಿಯಾನ ಅಂತ ಇನ್ನೊಂದು. ಕಾನಿನೊಳಗೆ ತಂಪಿನಲ್ಲಿ ನಡೆಯುತ್ತಿದ್ದಾಗ ನಿಮ್ಮ ಮೊಣಕಾಲಿಗೆ ತಾಗುವ ಗುರ್ಗಿ ಯಾವುದೇ ಇರಲಿ, ಅದು ಕುಂತಿಯಾನ ಆಗಿರುವ ಸಾಧ್ಯತೆ ತೀರಾ ಕಡಿಮೆ, ಯಾಕೆಂದರೆ ಕುಂತಿಯಾನಕ್ಕೆ ಬಯಲು ಬೇಕು, ಬಿಸಿಲು ಬೇಕು, ಗಾಳಿ ಬೇಕು, ತಲೆಯ ಮೇಲೆ ಮರ ಇರಬಾರದು.

ಹೀಗಾಗಿ ಗುರುತು ಹಿಡಿಯುವ ಕೆಲಸದಲ್ಲಿ ಅರ್ಧ ಪಾಲು ನೆಲದ್ದು.

ಗಿರಿಯ ಮೇಲೆ ನಿಂತು ನೋಡಿ. ಸೀತಾಳಯ್ಯನ ಗಿರಿಯಿಂದ ಮುಳ್ಳಯ್ಯನಗಿರಿಗೆ ನಡೆಯುವ ದಾರಿಯಲ್ಲೇ ಕಾಣುತ್ತದೆ. ಬೆನ್ನಿನ ಮೇಲೆಲ್ಲ ಹುಲ್ಲು. ಎರಡು ಬೆನ್ನು ಸೇರುವ ಮಡಿಕೆಯಲ್ಲಿ, ನೀರು ಇಳಿಯುವ ಕಡೆ, ಒತ್ತಾದ ಗಿಡ್ಡ ಮರಗಳ ಕಾಡು. ಅದು ಶೋಲಾ. ಹುಲ್ಲು ಎಲ್ಲಿ ಮುಗಿಯಿತು, ಕಾಡು ಎಲ್ಲಿ ಶುರುವಾಯಿತು ಅನ್ನುವುದು ಗೆರೆ ಎಳೆದಂತೆ ಕಾಣುತ್ತದೆ. ಮುಳ್ಳಯ್ಯನಗಿರಿ ಸುಮಾರು 1,930 ಮೀಟರ್, ಕರ್ನಾಟಕದಲ್ಲಿ ಇದಕ್ಕಿಂತ ಎತ್ತರದ ಜಾಗ ಇಲ್ಲ. ಕುದುರೆಮುಖ, ತಡಿಯಂಡಮೋಳ್, ಪುಷ್ಪಗಿರಿ ಇವೆಲ್ಲ ಅದಕ್ಕಿಂತ ಸ್ವಲ್ಪ ಕೆಳಗೆ. ದಕ್ಷಿಣಕ್ಕೆ ಹೋದರೆ ನೀಲಗಿರಿಯ ದೊಡ್ಡಬೆಟ್ಟ 2,637 ಮೀಟರ್, ಕೇರಳದ ಮುನ್ನಾರ್ ಹತ್ತಿರದ ಆನೆಮುಡಿ 2,695. ಕುಂತಿಯಾನ ಹೆಚ್ಚಾಗಿ ಇರುವುದು 1,300 ಮೀಟರಿನಿಂದ ಮೇಲೆ, 2,400-2,600ರವರೆಗೆ. ಅದರ ನಿಜವಾದ ತವರು ನೀಲಗಿರಿ, ಪಳನಿ, ಆನೆಮಲೆ, ಮುನ್ನಾರ್ ಕಡೆಯ ಆ ದೊಡ್ಡ ಎತ್ತರದ ಹುಲ್ಲುಗಾವಲು. ನಮ್ಮ ಗಿರಿಗಳು ಆ ಸರಪಣಿಯ ಉತ್ತರದ ತುದಿ. ಕೆಲವರಿಗೆ ಈ ಮಾತು ಹಿಡಿಸುವುದಿಲ್ಲ, 'ನಮ್ಮ ಹೂವನ್ನು ಅವರದ್ದು ಅಂತೀರಲ್ಲ' ಅಂತ ಜಗಳಕ್ಕೆ ಬರುತ್ತಾರೆ. ಗಿಡಕ್ಕೆ ರಾಜ್ಯದ ಗಡಿ ಗೊತ್ತಿಲ್ಲ ಮಾರಾಯ್ರೆ, ಎತ್ತರ ಮಾತ್ರ ಗೊತ್ತು.

ಎತ್ತರ ಗೊತ್ತಿದ್ದರೆ ಅನುಮಾನ ಪಡಲೂ ಬರುತ್ತದೆ. ಬಳ್ಳಾರಿ ಸೀಮೆಯ ಸಂಡೂರಿನ ಗುಡ್ಡಗಳಲ್ಲೂ ನೀಲಕುರಿಂಜಿ ಇದೆ ಅಂತ ಹೇಳುತ್ತಾರೆ, ಬರೆದದ್ದೂ ಇದೆ. ಸಂಡೂರಿನ ಗುಡ್ಡಗಳು ಸಾವಿರ ಮೀಟರ್ ಆಸುಪಾಸಿನವು, ಪಶ್ಚಿಮಘಟ್ಟದಿಂದ ದೂರ. ಅಲ್ಲಿ ಕುರಿಂಜಿ ಬಳಗದ ಹೂ ಕಂಡರೆ ಆಶ್ಚರ್ಯವಿಲ್ಲ, ಆದರೆ ಯಾವ ಜಾತಿ ಅನ್ನುವುದಕ್ಕೆ ಎಲೆಯನ್ನೇ ಕೇಳಬೇಕು. ಕಬ್ಬಿಣದ ಅದಿರಿಗಾಗಿ ಆ ಗುಡ್ಡಗಳನ್ನು ಎಷ್ಟು ಅಗೆದಿದ್ದಾರೆ ಅಂತ ನಿಮಗೆಲ್ಲ ಗೊತ್ತೇ ಇದೆ, ಹಾಗಾಗಿ ಕೇಳುವುದಾದರೆ ಬೇಗ ಕೇಳಬೇಕು.

ಈ ಹುಲ್ಲುಗಾವಲಿನ ಬಗ್ಗೆ ಇನ್ನೂ ಸ್ವಲ್ಪ ಹೇಳಬೇಕು, ಯಾಕೆಂದರೆ ನಮ್ಮಲ್ಲಿ ಬಹಳ ಜನಕ್ಕೆ ಅದು ಬೋಳುಗುಡ್ಡ. ಕಾಡು ಕಡಿದು ಹಾಳಾದ ಜಾಗ, ಗಿಡ ನೆಟ್ಟು ಉದ್ಧಾರ ಮಾಡಬೇಕು ಅನ್ನುವ ಭಾವನೆ. ಬ್ರಿಟಿಷರೂ ಹಾಗೇ ಅಂದುಕೊಂಡರು. ಬೆಂಗಳೂರಿನ ಭಾರತೀಯ ವಿಜ್ಞಾನ ಸಂಸ್ಥೆಯ ರಾಮನ್ ಸುಕುಮಾರ್ ಮತ್ತು ಸಂಗಡಿಗರು 1993ರಲ್ಲಿ ಒಂದು ಅಧ್ಯಯನ ಪ್ರಕಟಿಸಿದರು. ನೀಲಗಿರಿಯ ಜೌಗಿನಲ್ಲಿ ಪದರ ಪದರವಾಗಿ ಕೂತಿರುವ ಕೊಳೆತ ಗಿಡಗಳ ಮಣ್ಣನ್ನು ತೆಗೆದು, ಅದರೊಳಗಿನ ಇಂಗಾಲವನ್ನು ಪರೀಕ್ಷಿಸಿದರು. ಉಷ್ಣವಲಯದ ಬಹಳಷ್ಟು ಹುಲ್ಲುಗಳು ಗಾಳಿಯಿಂದ ಇಂಗಾಲ ಹಿಡಿಯುವ ರೀತಿ ಮರಗಳಿಗಿಂತ ಬೇರೆ. ಆ ವ್ಯತ್ಯಾಸ ಸಾವಿರಾರು ವರ್ಷ ಕಳೆದರೂ ಮಣ್ಣಿನಲ್ಲಿ ಅಳಿಯುವುದಿಲ್ಲ. ಅದರಿಂದ ತಿಳಿದದ್ದು, ಸುಮಾರು ಇಪ್ಪತ್ತು ಸಾವಿರ ವರ್ಷಗಳ ಹಿಂದೆಯೂ ಅಲ್ಲಿ ಹುಲ್ಲಿತ್ತು. ಹವೆ ತೇವವಾದಾಗ ಕಾಡು ಮುಂದೆ ಬಂತು, ಒಣಗಿದಾಗ ಹುಲ್ಲು ಮುಂದೆ ಬಂತು. ಮನುಷ್ಯ ಕೊಡಲಿ ಹಿಡಿದು ಬರುವುದಕ್ಕೆ ಬಹಳ ಮೊದಲೇ ಹುಲ್ಲು ಅಲ್ಲಿತ್ತು. ರಾತ್ರಿಯ ಹಿಮ, ಬೀಸುವ ಗಾಳಿ, ಬಂಡೆಯ ಮೇಲಿನ ತೆಳು ಮಣ್ಣು, ಆಗಾಗ ಬೀಳುವ ಬೆಂಕಿ, ಇವೆಲ್ಲ ಸೇರಿ ಮರದ ಸಸಿಗೆ ಅಲ್ಲಿ ಬದುಕಲು ಬಿಡುವುದಿಲ್ಲ. ಆ ಕಷ್ಟದ ಜಾಗದಲ್ಲೇ ಬದುಕುವುದನ್ನು ಕಲಿತ ಗಿಡ ಕುರಿಂಜಿ.

ಹೀಗಿರುವಾಗ ಅಲ್ಲಿ ವಾಟಲ್, ಪೈನ್, ನೀಲಗಿರಿ ಮರ ನೆಟ್ಟರೆ ಏನಾಗುತ್ತದೆ? ನೆರಳು ಬೀಳುತ್ತದೆ, ಹುಲ್ಲು ಸಾಯುತ್ತದೆ, ಕುರಿಂಜಿಯೂ ಹೋಗುತ್ತದೆ. ತಮಿಳುನಾಡು, ಕೇರಳದ ಎತ್ತರದ ಹುಲ್ಲುಗಾವಲಿನ ದೊಡ್ಡ ಭಾಗ ಚಹಾ ತೋಟಕ್ಕೂ ಇಂಥ ನೆಡುತೋಪಿಗೂ ಹೋಗಿದೆ. ನನಗೆ ಇದು ಕೋಪ ಬರಿಸುವ ವಿಷಯ, ಯಾಕೆಂದರೆ ಇದರಲ್ಲಿ ಬಹುಪಾಲು ಮಾಡಿದ್ದು ಹಸಿರು ಮಾಡುವ ಹೆಸರಲ್ಲಿ. ಈಗಲೂ ಪ್ರತಿ ಜೂನ್‌ನಲ್ಲಿ ಯಾರಾದರೊಬ್ಬರು ಬೀಜದುಂಡೆ ತಗೊಂಡು ಗಿರಿ ಹತ್ತಲು ಹೊರಡುತ್ತಾರೆ. ದಯವಿಟ್ಟು ಬೇಡ. ಕೆರೆ ದಂಡೆಗೆ ಹಾಕಿ, ಶಾಲೆ ಅಂಗಳಕ್ಕೆ ಹಾಕಿ, ಗಿರಿಯ ಹುಲ್ಲಿಗೆ ಬೇಡ.

ಈಗ ಹನ್ನೆರಡರ ಲೆಕ್ಕ. ಕುಂತಿಯಾನ ಬದುಕಿನಲ್ಲಿ ಒಂದೇ ಸಲ ಹೂ ಬಿಡುತ್ತದೆ. ಬೀಜ ಕಟ್ಟಿದ ಮೇಲೆ ಸಾಯುತ್ತದೆ. 'ಹನ್ನೆರಡು ವರ್ಷಕ್ಕೊಮ್ಮೆ ಹೂ ಬಿಡುವ ಗಿಡ' ಅಂದರೆ ಅದೇ ಗಿಡ ಮತ್ತೆ ಮತ್ತೆ ಬಿಡುತ್ತದೆ ಅನ್ನಿಸುತ್ತದೆ, ಹಾಗಲ್ಲ. 2006ರಲ್ಲಿ ಮುನ್ನಾರಿನಲ್ಲಿ ಅರಳಿದ ಗಿಡಗಳ ಮಕ್ಕಳು 2018ರಲ್ಲಿ ಅರಳಿದವು, ಮೊಮ್ಮಕ್ಕಳು 2030ರಲ್ಲಿ ಅರಳಬೇಕು. ಆ ಕಡೆ 1838ರಿಂದ ದಾಖಲೆ ಇದೆ. ಹನ್ನೆರಡು ಹನ್ನೆರಡು ಕೂಡಿಸುತ್ತಾ ಬನ್ನಿ, ಸರಿಯಾಗಿ 2018ಕ್ಕೆ ಬಂದು ನಿಲ್ಲುತ್ತದೆ. ಆ ವರ್ಷ ಕೇರಳದಲ್ಲಿ ಆಗಸ್ಟಿನ ಪ್ರವಾಹ ಬಂದು, ರಸ್ತೆ ಕುಸಿದು, ನೋಡಲು ಹೊರಟವರಲ್ಲಿ ಬಹಳ ಜನ ಮನೆಯಲ್ಲೇ ಉಳಿದರು.

ಕುಂತಿಯಾನ ಒಂದೇ ಈ ಥರ ಅಲ್ಲ, ಬಿದಿರು ಕೂಡ ಹೀಗೇ ಅಲ್ವಾ? ಹಿಂಡಿಗೆ ಹಿಂಡೇ ಒಟ್ಟಿಗೆ ಹೂ ಬಿಟ್ಟು, ಬಿದಿರಕ್ಕಿ ಉದುರಿಸಿ, ಒಣಗಿಹೋಗುತ್ತದೆ. ಯಾಕೆ ಹೀಗೆ ಅನ್ನುವುದಕ್ಕೆ ಮುಖ್ಯವಾಗಿ ಹೇಳುವ ಕಾರಣ, ಬೀಜ ತಿನ್ನುವವರ ಕಾಟ. ಪ್ರತಿ ವರ್ಷ ಸ್ವಲ್ಪ ಸ್ವಲ್ಪ ಬೀಜ ಬಿಟ್ಟರೆ ಹುಳು, ಇಲಿ, ಹಕ್ಕಿ ಅದನ್ನೇ ನಂಬಿಕೊಂಡು ಬದುಕುತ್ತವೆ, ಎಲ್ಲ ತಿಂದು ಮುಗಿಸುತ್ತವೆ. ವರ್ಷಗಟ್ಟಲೆ ಏನೂ ಕೊಡದೆ, ಒಮ್ಮೆಗೇ ರಾಶಿ ಸುರಿದರೆ ತಿಂದು ತೀರಿಸಲು ಆಗುವುದಿಲ್ಲ, ಮಿಕ್ಕದ್ದು ಮೊಳೆಯುತ್ತದೆ. ಜೇನಿನ ಲೆಕ್ಕವೂ ಇದೆ. ಗುಡ್ಡದ ತುಂಬ ಒಂದೇ ಹೂ ಇದ್ದರೆ ಜೇನು ಹೂವಿನಿಂದ ಅದೇ ಜಾತಿಯ ಹೂವಿಗೇ ಹೋಗುತ್ತದೆ, ಪರಾಗ ವ್ಯರ್ಥವಾಗುವುದಿಲ್ಲ.

ಹಾಗಾದರೆ ಮುನ್ನಾರಿನಲ್ಲಿ 2018, ಮುನ್ನಾರ್ ಇರುವ ಇಡುಕ್ಕಿ ಜಿಲ್ಲೆಯದೇ ಶಾಂತನ್‌ಪಾರದ ಕಳ್ಳಿಪಾರ ಗುಡ್ಡದಲ್ಲಿ 2022, ಇದೇನಿದು ಅಂತ ನೀವು ಕೇಳಬಹುದು. ಎರಡು ಗುಡ್ಡದವರು ಎರಡು ಪಂಚಾಂಗ ಇಟ್ಟುಕೊಂಡ ಹಾಗೆ. ಬೀಜ ಕೆಲವೇ ಅಡಿ ಚಿಮ್ಮುತ್ತದೆ ಅಂದೆನಲ್ಲ, ಅದರ ಪರಿಣಾಮ ಇದು. ಒಂದು ಗುಡ್ಡದ ಗಿಡಗಳು ಪಕ್ಕದ ಗುಡ್ಡದವರ ಜೊತೆ ಸುಲಭಕ್ಕೆ ಬೆರೆಯುವುದಿಲ್ಲ. ಒಂದೊಂದು ಗುಂಪಿಗೂ ತನ್ನದೇ ಎಣಿಕೆ ಇರುತ್ತದೆ. ಗುಂಪಿನೊಳಗೂ ದಾರಿ ತಪ್ಪಿದವರಿರುತ್ತಾರೆ, ವರ್ಷ ಮೊದಲೋ ವರ್ಷ ತಡವೋ ಅಲ್ಲೊಂದು ಇಲ್ಲೊಂದು ಗಿಡ ಹೂ ಬಿಡುತ್ತದೆ. ಅದಕ್ಕೇ 'ಈ ವರ್ಷ ಹೂ ಬಿಟ್ಟಿದೆ, ಹಾಗಾಗಿ ಇದು ಇಂಥ ಜಾತಿ' ಅನ್ನುವುದು ಗುರುತು ಹಿಡಿಯುವ ದಾರಿಯೇ ಅಲ್ಲ. ಎಣಿಕೆ ಬೇಕಾಗುವುದು ಆಮೇಲೆ, ಮೊದಲು ಎಲೆ.

ಬೀಜ ದೂರ ಹೋಗುವುದಿಲ್ಲ ಅನ್ನುವುದಕ್ಕೆ ಇನ್ನೊಂದು ಮುಖವೂ ಇದೆ. ಒಂದು ಗುಡ್ಡದಲ್ಲಿ ಗಿಡ ಪೂರ್ತಿ ಹೋದರೆ ಪಕ್ಕದ ಗುಡ್ಡದಿಂದ ತಾನಾಗೇ ಬಂದು ತುಂಬಿಕೊಳ್ಳುತ್ತದೆ ಅಂತ ಕಾಯುವ ಹಾಗಿಲ್ಲ. ಬೀಜ ಕಟ್ಟುವ ಮೊದಲೇ ಗೊಂಚಲು ಗೊಂಚಲು ಹೂ ಕಿತ್ತುಕೊಂಡು ಹೋದರೆ, ಸಸಿ ಏಳುವ ವರ್ಷ ಜೀಪು ಓಡಾಡಿದರೆ, ಎಳೆಯ ಗಿಡದ ಮೇಲೆ ಬೆಂಕಿ ಬಿದ್ದರೆ, ಆ ತುಣುಕಿನ ಲೆಕ್ಕ ಅಲ್ಲಿಗೆ ಮುಗಿಯಿತು. ನಮ್ಮ ಗಿರಿಗಳಿಗೆ ಫೆಬ್ರವರಿ, ಮಾರ್ಚ್‌ನಲ್ಲಿ ಬೆಂಕಿ ಹೊಸದಲ್ಲ. ಹುಲ್ಲು ಬೇರಿನಿಂದ ಮತ್ತೆ ಚಿಗುರುತ್ತದೆ. ಹೂವಿಗೆ ಬರಬೇಕಿದ್ದ ಕುರಿಂಜಿ ಸುಟ್ಟುಹೋದರೆ ಅದಕ್ಕೆ ಆ ಅವಕಾಶ ಇರುತ್ತದೆ ಅನ್ನುವ ಭರವಸೆ ಇಲ್ಲ.

2006ರಲ್ಲಿ ಕೇರಳ ಇಡುಕ್ಕಿ ಜಿಲ್ಲೆಯಲ್ಲಿ ಸುಮಾರು 32 ಚದರ ಕಿಲೋಮೀಟರ್ ಜಾಗವನ್ನು ಕುರಿಂಜಿಮಲ ಅಭಯಾರಣ್ಯ ಅಂತ ಘೋಷಿಸಿತು. ಅದೇ ವರ್ಷ ಕುರಿಂಜಿಯ ಅಂಚೆ ಚೀಟಿಯೂ ಬಂತು. ವನ್ಯಜೀವಿ ಸಂರಕ್ಷಣಾ ಕಾಯ್ದೆಗೆ 2022ರಲ್ಲಿ ಆದ ತಿದ್ದುಪಡಿಯ ನಂತರ ನೀಲಕುರಿಂಜಿ ರಕ್ಷಿತ ಸಸ್ಯಗಳ ಪಟ್ಟಿಯಲ್ಲಿದೆ, ಕೀಳುವುದು ಅಪರಾಧ. ಅಳಿವಿನ ಅಪಾಯದಲ್ಲಿರುವ ಜೀವಿಗಳ ಲೆಕ್ಕ ಇಡುವ ಅಂತರರಾಷ್ಟ್ರೀಯ ಸಂಸ್ಥೆ ಐಯುಸಿಎನ್‌ನ ಕೆಂಪು ಪಟ್ಟಿಯಲ್ಲೂ ಅದನ್ನು ಈಚೆಗೆ 'ವಲ್ನರಬಲ್' ಅಂದರೆ ಅಪಾಯದ ಅಂಚಿನಲ್ಲಿರುವ ಗಿಡ ಅಂತ ಸೇರಿಸಿದ್ದಾರೆ. ಎಲ್ಲ ಒಳ್ಳೆಯದೇ. ಆದರೆ ಕಾಯ್ದೆ ಓದಿದವರಿಗೆ ಗಿಡ ಗೊತ್ತಿರಬೇಕಲ್ಲ. ಹೂ ಇಲ್ಲದ ವರ್ಷ ರಸ್ತೆ ಅಗಲ ಮಾಡಲು ಬಂದ ಜೆಸಿಬಿಗೆ ಅದು ಬರೀ ಪೊದೆ. ಪಕ್ಕದಲ್ಲಿ ನಿಂತು ನೋಡುವ ನಮಗೂ ಬರೀ ಪೊದೆಯಾದರೆ ಯಾರು ತಡೆಯುತ್ತಾರೆ?

ಹೂ ಇಲ್ಲದ ವರ್ಷ ಗುರುತಿಸಲು ಎಲೆಯ ಜೊತೆಗೆ ಇನ್ನೊಂದು ಸುಳಿವಿದೆ. ಒಂದು ಗುಂಪಿನ ಗಿಡಗಳು ಬಹುತೇಕ ಒಂದೇ ವರ್ಷ ಹುಟ್ಟಿದವು. ಹಾಗಾಗಿ ಇಳಿಜಾರಿನಲ್ಲಿ ಪೊದೆಗಳು ಹೆಚ್ಚುಕಮ್ಮಿ ಒಂದೇ ವಯಸ್ಸು, ಒಂದೇ ಎತ್ತರ. ಬೇರೆ ಪೊದೆಗಳಲ್ಲಿ ಅಜ್ಜ, ಮಗ, ಮೊಮ್ಮಗ ಎಲ್ಲ ಒಟ್ಟಿಗೆ ಇರುತ್ತಾರೆ. ಹೂ ಬಿಟ್ಟ ಮರುವರ್ಷ ಹೋದರೆ ಒಣ ಕಡ್ಡಿಗಳು ಗುಡ್ಡದ ತುಂಬ ನಿಂತಿರುತ್ತವೆ, ನೋಡಲು ಬೇಸರ ತರಿಸುವ ಬೂದು ಬಣ್ಣ. ಬಗ್ಗಿ ಬುಡ ನೋಡಿ. ಮಳೆ ಬಿದ್ದ ಮೇಲೆ ಹುಲ್ಲಿನ ನಡುವೆ ಎದುರುಬದುರು ಎಲೆಯ ಪುಟ್ಟ ಸಸಿಗಳಿರುತ್ತವೆ, ಒತ್ತೊತ್ತಾಗಿ. ಗಿರಿ ಹತ್ತುವವರು ಕಾಲಿಡುವಾಗ ಎಚ್ಚರವಾಗಿರಬೇಕಾದ ವರ್ಷ ಅದು, ಹೂವಿನ ವರ್ಷಕ್ಕಿಂತ ಜಾಸ್ತಿ.

ಫೋಟೋ ತೆಗೆಯಿರಿ, ಬೇಡ ಅನ್ನುವುದಿಲ್ಲ. ಆದರೆ ನೀಲಿ ಗುಡ್ಡದ ಒಂದು ಫೋಟೋ ಜೊತೆ ಎಲೆಯ ಮೇಲ್ಮೈ, ಕೆಳಮೈ, ಎಲೆ ಕಾಂಡಕ್ಕೆ ಸೇರುವ ಜಾಗ, ತೆನೆಯನ್ನು ಪಕ್ಕದಿಂದ, ಇವನ್ನೂ ತೆಗೆಯಿರಿ. ಗಿಡದ ಪಕ್ಕ ಪೆನ್ನು ಹಿಡಿದರೆ ಅಳತೆ ಸಿಗುತ್ತದೆ. ಮೊಬೈಲಿನಲ್ಲಿ ಜಾಗದ ಎತ್ತರ ಕಾಣುತ್ತದೆ, ಅದನ್ನು ಬರೆದುಕೊಳ್ಳಿ, ತಾರೀಕೂ ಇರಲಿ. ಹೂ ಇಲ್ಲದ ಗಿಡಗಳಿಗೂ ಇದನ್ನೇ ಮಾಡಿ. ಯಾವ ಗುಡ್ಡದ ಯಾವ ಮೈಯಲ್ಲಿ ಯಾವ ಗುರ್ಗಿ ಇದೆ ಅನ್ನುವ ಪಟ್ಟಿ ನಿಮ್ಮ ಗುಂಪಿನಿಂದಲೇ ಆಗಬಹುದು. ಪ್ರತಿ ವರ್ಷ ದೀಪಾವಳಿಗೆ ದೇವೀರಮ್ಮನ ಬೆಟ್ಟ ಹತ್ತುತ್ತೀರಲ್ಲ, ಅಲ್ಲಿಂದಲೇ ಶುರು ಮಾಡಿ.

ಕೇಳಿಬಂದ ಪ್ರಶ್ನೆಗಳು.

ಕುರಿಂಜಿ ಜೇನಿನ ಬಗ್ಗೆ ಒಬ್ಬರು ಕೇಳಿದರು, ಅಂಗಡಿಯಲ್ಲಿ ಸಿಗುವುದು ಅಸಲಿಯಾ ಅಂತ. ಹೂವಿನ ವರ್ಷ ತುಡುವೆ, ಹೆಜ್ಜೇನು ಎರಡೂ ಈ ಹೂವಿಗೆ ಮುತ್ತುತ್ತವೆ, ಆ ಕಾಲದಲ್ಲಿ ತೆಗೆದ ತುಪ್ಪಕ್ಕೆ ಒಳ್ಳೆಯ ಹೆಸರಿದೆ. ಆದರೆ ಪ್ರತಿ ವರ್ಷವೂ ಕಪಾಟಿನಲ್ಲಿ ಕುರಿಂಜಿ ಜೇನು ಇದ್ದರೆ ಹೂವಿನ ಎಣಿಕೆಯನ್ನು ನೆನಪಿಸಿಕೊಂಡು ನೀವೇ ಲೆಕ್ಕ ಹಾಕಿ.

ಒಬ್ಬ ಅಮ್ಮ ಕೇಳಿದರು, 'ಬೀಜ ತಂದು ಮನೆ ಕುಂಡದಲ್ಲಿ ಹಾಕಬಹುದಾ?' ಬೇಡಮ್ಮ. ಕಾನೂನಿನ ಮಾತು ಹಾಗಿರಲಿ, ಕೆಳಗಿನ ಸೆಕೆಗೆ ಅದು ಒಗ್ಗುವುದಿಲ್ಲ. ಒಗ್ಗಿತು ಅಂತಲೇ ಇಟ್ಟುಕೊಳ್ಳಿ, ಹನ್ನೆರಡು ವರ್ಷ ಹೂವಿಲ್ಲದ ಕುಂಡಕ್ಕೆ ನೀರು ಹಾಕಿ, ಒಂದು ಸಲ ನೋಡಿ, ಆಮೇಲೆ ಒಣಕಡ್ಡಿ ಕಿತ್ತು ಬಿಸಾಕಬೇಕು. ಇದೇ ಕುಟುಂಬದ ಹೂವೇ ಬೇಕಾದರೆ ಕನಕಾಂಬರ ಇದೆಯಲ್ಲ, ಪುಣ್ಯಕ್ಕೆ ವರ್ಷವಿಡೀ ಬಿಡುತ್ತದೆ, ಮುಡಿಯಲೂ ಬರುತ್ತದೆ.

ಕೊನೆಗೆ ಎಲ್ಲರೂ ಕೇಳುವ ಪ್ರಶ್ನೆ, ಮುಂದೆ ಯಾವಾಗ? ಮುನ್ನಾರಿಗೆ 2030, ಆಗಸ್ಟಿನಿಂದ ಅಕ್ಟೋಬರ್ ಒಳಗೆ. ಚಂದ್ರದ್ರೋಣದಲ್ಲಿ 2022ರಲ್ಲಿ ಅರಳಿದ ಇಳಿಜಾರುಗಳಿಗೆ ಮಾತ್ರ ನಾನು ತಾರೀಕು ಹೇಳುವುದಿಲ್ಲ. ಅಲ್ಲಿ ಈಗ ಸಸಿಗಳು ಬೆಳೆಯುತ್ತಿವೆ. ಮುಂದಿನ ವಾರ ಹೋಗುವವರಿದ್ದೀರಿ ಅಂತ ಕೇಳಿದೆ. ಎಲೆಗೆ ತೊಟ್ಟು ಇದೆಯಾ ನೋಡಿ, ಫೋಟೋ ಕಳಿಸಿ. ಹನ್ನೆರಡೋ, ಏಳೋ, ಆಮೇಲೆ ಎಣಿಸೋಣ.